ನಾಲ್ಕು ಉಂಗುರದ ಕಾರು ಚೀನಾದಲ್ಲಿ ಉಂಗುರ ಕಳಚಿದ್ದೇಕೆ? ಆಡಿ ಲಾಂಛನ ಹೇಳುವ ಕಥೆ

1985ರ ಮಾರ್ಚ್ 10. ಮೆಲ್ಬರ್ನ್ ಕ್ರಿಕೆಟ್ ಮೈದಾನ. ವಿಶ್ವ ಚಾಂಪಿಯನ್‌ಶಿಪ್ ಫೈನಲ್‌ನಲ್ಲಿ ಪಾಕಿಸ್ತಾನವನ್ನು 8 ವಿಕೆಟ್‌ಗಳಿಂದ ಮಣಿಸಿದ ಭಾರತ ತಂಡ ಸಂಭ್ರಮದಲ್ಲಿತ್ತು. ಸರಣಿಯ ಶ್ರೇಷ್ಠ ಆಟಗಾರ ರವಿ ಶಾಸ್ತ್ರಿಗೆ ಬಹುಮಾನವಾಗಿ ಸಿಕ್ಕಿದ್ದು ಆಡಿ 100 ಕಾರು. ಶಾಸ್ತ್ರಿ ಸ್ಟೀರಿಂಗ್ ಹಿಡಿದರು, ಉಳಿದ ಆಟಗಾರರು ಕಾರಿನ ಒಳಗೂ ಮೇಲೂ ಸೇರಿಕೊಂಡರು. ಬೆಂಗಳೂರಿನ ವಿಕೆಟ್ ಕೀಪರ್ ಸದಾನಂದ ವಿಶ್ವನಾಥ್ ಕೂಡ ಇದ್ದ ಆ ತಂಡ ಮೈದಾನಕ್ಕೆ ಸುತ್ತು ಹಾಕಿದ ದೃಶ್ಯ ಒಂದು ಇಡೀ ತಲೆಮಾರಿನ ನೆನಪಿನಲ್ಲಿ ಉಳಿದಿದೆ. ಅಂಬಾಸಿಡರ್, ಪ್ರೀಮಿಯರ್ ಪದ್ಮಿನಿಗಳ ಕಾಲದ ಭಾರತಕ್ಕೆ ಆ ಕಾರಿನ ಮೂತಿಯ ಮೇಲಿದ್ದ ನಾಲ್ಕು ಉಂಗುರಗಳ ಪರಿಚಯವಾಗಿದ್ದು ಹೀಗೆ.

ಸುಮಾರು 40 ವರ್ಷಗಳ ನಂತರ, 2024ರ ನವೆಂಬರ್ 7ರಂದು, ಅದೇ ಕಂಪನಿ ಚೀನಾದ ಶಾಂಘೈನಲ್ಲಿ ಹೊಸ ಎಲೆಕ್ಟ್ರಿಕ್ ಕಾರೊಂದರ ಮೇಲಿನ ಪರದೆ ಸರಿಸಿತು. ಮೂತಿಯ ಮೇಲೆ ಉಂಗುರಗಳಿರಲಿಲ್ಲ. ಆ ಜಾಗದಲ್ಲಿ ಎ, ಯು, ಡಿ, ಐ ಎಂಬ ನಾಲ್ಕು ಇಂಗ್ಲಿಷ್ ಅಕ್ಷರಗಳಷ್ಟೇ ಹೊಳೆಯುತ್ತಿದ್ದವು. ಚೀನಾದ ಎಸ್‌ಎಐಸಿ ಕಂಪನಿಯ ಜೊತೆಗೂಡಿ, ಚೀನಾಕ್ಕೆ ಮಾತ್ರ ಸೀಮಿತವಾಗಿ ಆರಂಭಿಸಿದ ಈ ಹೊಸ ಬ್ರ್ಯಾಂಡ್‌ಗೆ ಹಳೆಯ ಹೆಸರು ಬೇಕಾಗಿತ್ತು, ಹಳೆಯ ಗುರುತು ಬೇಡವಾಗಿತ್ತು.

ಕೋಟ್ಯಂತರ ಜನ ದೂರದಿಂದಲೇ ಗುರುತಿಸುವ ಲಾಂಛನವನ್ನು ಕಂಪನಿಯೊಂದು ತಾನಾಗಿಯೇ ಕಳಚಿಡುವುದೇಕೆ? ಇದು ಬರೀ ವಿನ್ಯಾಸದ ಪ್ರಶ್ನೆಯಲ್ಲ. ಆಡಿಯ ಚರಿತ್ರೆಯನ್ನು ಹಿಂದಕ್ಕೆ ತಿರುವಿದರೆ ಒಂದು ಸಂಗತಿ ಸ್ಪಷ್ಟವಾಗುತ್ತದೆ. ಕಂಪನಿ ಕಷ್ಟಕ್ಕೆ ಸಿಲುಕಿದಾಗಲೆಲ್ಲ ಅದರ ಹೆಸರು ಅಥವಾ ಗುರುತು ಬದಲಾಗಿದೆ. ಉಂಗುರಗಳು ಹುಟ್ಟಿದ್ದೇ ಅಂಥದೊಂದು ಕಷ್ಟಕಾಲದಲ್ಲಿ.

ಹೆಸರು ಕಳೆದುಕೊಂಡವನ ಹೊಸ ಹೆಸರು

ಲಾಂಛನಕ್ಕಿಂತ ಮೊದಲು ಹೆಸರಿನ ಕಥೆ ನೋಡೋಣ. ಜರ್ಮನಿಯ ಎಂಜಿನಿಯರ್ ಆಗಸ್ಟ್ ಹೋರ್ಶ್, ಕಾರ್ಲ್ ಬೆಂಜ್ ಅವರ ಕಾರ್ಖಾನೆಯಲ್ಲಿ ದುಡಿದವರು. 1899ರಲ್ಲಿ ಕಲೋನ್ ನಗರದಲ್ಲಿ ತಮ್ಮದೇ ಹೆಸರಿನ ಕಂಪನಿ ತೆರೆದರು. ಅದು ಕೆಲವೇ ವರ್ಷಗಳಲ್ಲಿ ಸ್ಯಾಕ್ಸನಿ ಪ್ರಾಂತ್ಯದ ಝ್ವಿಕಾವ್ ಪಟ್ಟಣಕ್ಕೆ ಸ್ಥಳಾಂತರಗೊಂಡಿತು. ಆಡಳಿತ ಮಂಡಳಿಯ ಜೊತೆ ಜಗಳವಾಗಿ 1909ರಲ್ಲಿ ಹೋರ್ಶ್ ತಾವೇ ಕಟ್ಟಿದ ಕಂಪನಿಯಿಂದ ಹೊರಬಂದರು. ಅದೇ ಊರಿನಲ್ಲಿ ಇನ್ನೊಂದು ಕಂಪನಿ ತೆರೆದಾಗ ಹೊಸ ತೊಡಕು ಎದುರಾಯಿತು. 'ಹೋರ್ಶ್' ಎಂಬ ಹೆಸರಿನ ಹಕ್ಕು ಹಳೆಯ ಕಂಪನಿಯ ಬಳಿಯೇ ಇತ್ತು. ಸ್ವಂತ ಹೆಸರನ್ನು ಸ್ವಂತ ಕಾರಿಗೆ ಇಡುವಂತಿರಲಿಲ್ಲ.

ದಾರಿ ತೋರಿಸಿದ್ದು ಒಬ್ಬ ಶಾಲಾ ಬಾಲಕ. ಹೋರ್ಶ್ ಅವರ ವ್ಯಾಪಾರ ಪಾಲುದಾರರೊಬ್ಬರ ಮಗನಾಗಿದ್ದ ಆತ ಶಾಲೆಯಲ್ಲಿ ಲ್ಯಾಟಿನ್ ಕಲಿಯುತ್ತಿದ್ದ. ಜರ್ಮನ್ ಭಾಷೆಯಲ್ಲಿ 'ಹೋರ್ಶ್' ಎಂದರೆ 'ಕಿವಿಗೊಟ್ಟು ಕೇಳು' ಎಂದರ್ಥ. ಅದೇ ಮಾತಿಗೆ ಲ್ಯಾಟಿನ್‌ನಲ್ಲಿ 'ಆಡಿ' ಎನ್ನುತ್ತಾರೆ. ಹೀಗೆ ಹೆಸರು ಬದಲಾದರೂ ಅರ್ಥ ಬದಲಾಗಲಿಲ್ಲ. 1910ರಿಂದ 'ಆಡಿ' ಹೆಸರಿನ ಕಾರುಗಳು ರಸ್ತೆಗಿಳಿದವು. ಗಮನಿಸಬೇಕಾದ ವಿಷಯವೆಂದರೆ, ಆಗ ನಾಲ್ಕು ಉಂಗುರಗಳ ಸುಳಿವೇ ಇರಲಿಲ್ಲ. 1920ರ ದಶಕದ ಆಡಿ ಕಾರುಗಳ ಮೂತಿಯ ಮೇಲಿದ್ದದ್ದು ಭೂಗೋಳ ಮತ್ತು ಅದರ ಮೇಲೆ ನಿಂತ '1' ಎಂಬ ಅಂಕಿ.

ಉಂಗುರ ತೊಡಿಸಿದ್ದು ಬ್ಯಾಂಕು

1929ರ ಆರ್ಥಿಕ ಕುಸಿತ ಜರ್ಮನಿಯ ವಾಹನ ಉದ್ಯಮದ ಬೆನ್ನು ಮುರಿಯಿತು. ಕಾರು ಕೊಳ್ಳುವವರಿಲ್ಲ, ಸಾಲ ತೀರಿಸುವ ದಾರಿಯಿಲ್ಲ. ಸ್ಯಾಕ್ಸನಿ ಪ್ರಾಂತ್ಯದಲ್ಲಿ ಒಂದಕ್ಕೊಂದು ಪೈಪೋಟಿ ನೀಡುತ್ತಿದ್ದ ನಾಲ್ಕು ಬ್ರ್ಯಾಂಡ್‌ಗಳಿದ್ದವು. ಶ್ರೀಮಂತರ ಐಷಾರಾಮಿ ಕಾರು ಹೋರ್ಶ್, ಅದಕ್ಕಿಂತ ಒಂದು ಮೆಟ್ಟಿಲು ಕೆಳಗಿನ ಆಡಿ, ಮಧ್ಯಮ ವರ್ಗದ ವಾಂಡರರ್, ಮೋಟಾರ್ ಸೈಕಲ್ ಮತ್ತು ಅಗ್ಗದ ಸಣ್ಣ ಕಾರುಗಳ ಡಿಕೆಡಬ್ಲ್ಯೂ. ಇವುಗಳಲ್ಲಿ ಡಿಕೆಡಬ್ಲ್ಯೂ 1920ರ ದಶಕದ ಕೊನೆಯ ಹೊತ್ತಿಗೆ ಜಗತ್ತಿನ ಅತಿದೊಡ್ಡ ಮೋಟಾರ್ ಸೈಕಲ್ ತಯಾರಕ ಎನಿಸಿಕೊಂಡಿತ್ತು. ಅದರ ಮಾಲೀಕ, ಡೆನ್ಮಾರ್ಕ್ ಮೂಲದ ರಾಸ್ಮುಸ್ಸೆನ್, 1928ರಲ್ಲೇ ಆಡಿಯ ಬಹುಪಾಲು ಷೇರುಗಳನ್ನು ಖರೀದಿಸಿದ್ದರು.

ಇವರಿಗೆಲ್ಲ ಸಾಲ ಕೊಟ್ಟು ಆತಂಕದಲ್ಲಿದ್ದದ್ದು ಸ್ಯಾಕ್ಸನಿಯ ಸರ್ಕಾರಿ ಬ್ಯಾಂಕ್. ಒಂದೊಂದೇ ಮುಳುಗುವ ಬದಲು ಎಲ್ಲರೂ ಒಂದಾಗಲಿ ಎಂದು ಅದು ಮುಂದಾಳತ್ವ ವಹಿಸಿತು. 1932ರ ಜೂನ್ 29ರಂದು 'ಆಟೋ ಯೂನಿಯನ್' ಹುಟ್ಟಿತು. ಒಂದಕ್ಕೊಂದು ಕೊಂಡಿ ಹಾಕಿಕೊಂಡ ನಾಲ್ಕು ಉಂಗುರಗಳು ಈ ಒಕ್ಕೂಟದ ಗುರುತಾದವು. ಆರಂಭದ ಲಾಂಛನದಲ್ಲಿ ಪ್ರತಿ ಉಂಗುರದೊಳಗೂ ಆಯಾ ಬ್ರ್ಯಾಂಡ್‌ನ ಸ್ವಂತ ಗುರುತನ್ನು ಚಿತ್ರಿಸಲಾಗಿತ್ತು.

ಕೂಡಿ ಬಾಳಿದರೆ ಉಳಿವು ಎಂಬ ಸಂದೇಶ ಈ ಚಿತ್ರದಲ್ಲಿದೆ ಎನ್ನುವುದು ಸರಿ. ಆದರೆ ಈ ಕೂಡಾವಳಿ ಪ್ರೀತಿಯಿಂದ ಆದದ್ದಲ್ಲ, ಸಾಲಗಾರರ ಒತ್ತಡದಿಂದ ಆದದ್ದು. ಇಂದು ಬ್ಯಾಂಕುಗಳು ಮುಳುಗುವ ಕಂಪನಿಗಳನ್ನು ವಿಲೀನಗೊಳಿಸಿ ತಮ್ಮ ಹಣ ಉಳಿಸಿಕೊಳ್ಳುವುದನ್ನು ಕಂಡವರಿಗೆ 90 ವರ್ಷಗಳ ಹಿಂದಿನ ಆ ಲೆಕ್ಕಾಚಾರ ಅಪರಿಚಿತವೇನಲ್ಲ.

ಈ ಉಂಗುರಗಳ ಬಗ್ಗೆ ಎರಡು ತಪ್ಪು ಕಲ್ಪನೆಗಳು ಆಗಾಗ ಕೇಳಿಬರುತ್ತವೆ. ಮೊದಲನೆಯದು, ಇವು ಒಲಿಂಪಿಕ್ಸ್‌ನಿಂದ ಎರವಲು ಪಡೆದವು ಎಂಬುದು. ಒಲಿಂಪಿಕ್ಸ್‌ನ ಐದು ಉಂಗುರಗಳು 1913ರಲ್ಲಿ ಪಿಯರ್ ಡಿ ಕೂಬರ್ತಿನ್ ರೂಪಿಸಿದಂಥವು. ಎರಡೂ ಲಾಂಛನಗಳಲ್ಲಿ ಉಂಗುರಗಳಿದ್ದರೂ ಹಿನ್ನೆಲೆ ಬೇರೆ ಬೇರೆ. ಎರಡನೆಯದು, ಒಂದು ಉಂಗುರ ಎನ್‌ಎಸ್‌ಯು ಕಂಪನಿಯದ್ದು ಎಂಬುದು. ಎನ್‌ಎಸ್‌ಯು ಈ ಕುಟುಂಬ ಸೇರಿದ್ದು 1969ರಲ್ಲಿ. ಅದಕ್ಕಾಗಿ ಐದನೇ ಉಂಗುರ ಸೇರಲಿಲ್ಲ.

ರೇಸ್ ಟ್ರ್ಯಾಕ್‌ನಲ್ಲಿ ಪ್ರಸಿದ್ಧಿ

ಒಕ್ಕೂಟವಾದ ಮೇಲೂ ನಾಲ್ಕು ಬ್ರ್ಯಾಂಡ್‌ಗಳು ತಮ್ಮ ತಮ್ಮ ಹೆಸರಿನಲ್ಲೇ ಕಾರು ಮಾರುತ್ತಿದ್ದವು. ಉಂಗುರಗಳನ್ನು ಜಗತ್ತಿಗೆ ಪರಿಚಯಿಸಿದ್ದು ಆಟೋ ಯೂನಿಯನ್‌ನ ರೇಸ್ ಕಾರುಗಳು. ಫರ್ಡಿನಾಂಡ್ ಪೋರ್ಷೆ ರೂಪಿಸಿದ, ಚಾಲಕನ ಬೆನ್ನ ಹಿಂದೆ 16 ಸಿಲಿಂಡರ್‌ಗಳ ಎಂಜಿನ್ ಹೊತ್ತ ಬೆಳ್ಳಿ ಬಣ್ಣದ ಆ ಕಾರುಗಳು ಮರ್ಸಿಡಿಸ್‌ಗೆ ಸರಿಸಾಟಿಯಾಗಿ ಓಡಿದವು. ಹಿಟ್ಲರ್ ಸರ್ಕಾರ ಈ ಎರಡೂ ಕಂಪನಿಗಳ ರೇಸಿಂಗ್‌ಗೆ ಹಣ ಒದಗಿಸಿತ್ತು. ಜರ್ಮನಿಯ ತಂತ್ರಜ್ಞಾನದ ಮೇಲ್ಮೆಯನ್ನು ಲೋಕಕ್ಕೆ ತೋರಿಸುವ ಪ್ರಚಾರದ ಭಾಗವಾಗಿತ್ತು ಆ ವೇಗ. 1938ರ ಜನವರಿ 28ರಂದು ಹೆದ್ದಾರಿಯಲ್ಲಿ ವೇಗದ ದಾಖಲೆಗೆ ಯತ್ನಿಸುವಾಗ ಆಟೋ ಯೂನಿಯನ್‌ನ ತಾರಾ ಚಾಲಕ ಬೆರ್ಂಡ್ ರೋಸೆಮೇಯರ್ ಪ್ರಾಣ ಕಳೆದುಕೊಂಡರು.

ಉಂಗುರದೊಳಗಿನ ಕತ್ತಲೆ

ಲಾಂಛನದ ಚರಿತ್ರೆ ಹೇಳುವ ಜಾಹೀರಾತುಗಳು ಸಾಮಾನ್ಯವಾಗಿ ಇಲ್ಲಿಂದ ನೇರವಾಗಿ 1949ಕ್ಕೆ ಜಿಗಿಯುತ್ತವೆ. ನಡುವಿನ ವರ್ಷಗಳನ್ನು ಹಾಗೆ ಹಾರಿಸಿಬಿಡಲು ಸಾಧ್ಯವಿಲ್ಲ. ಎರಡನೇ ಮಹಾಯುದ್ಧದಲ್ಲಿ ಆಟೋ ಯೂನಿಯನ್ ಕಾರ್ಖಾನೆಗಳು ಸೇನೆಗಾಗಿ ದುಡಿದವು. ಆ ದುಡಿಮೆಯಲ್ಲಿ ಗುಲಾಮರ ಬೆವರೂ ಇತ್ತು.

ಈ ಅಧ್ಯಾಯವನ್ನು ಬಯಲಿಗಿಟ್ಟಿದ್ದು ಸ್ವತಃ ಆಡಿ ಕಂಪನಿ ಮಾಡಿಸಿದ ಅಧ್ಯಯನ. ಕಂಪನಿಯ ಇತಿಹಾಸ ವಿಭಾಗದ ಮಾರ್ಟಿನ್ ಕುಕೋವ್ಸ್ಕಿ ಮತ್ತು ಕೆಮ್ನಿಟ್ಸ್ ತಾಂತ್ರಿಕ ವಿಶ್ವವಿದ್ಯಾಲಯದ ಇತಿಹಾಸಕಾರ ರುಡಾಲ್ಫ್ ಬಾಖ್ ನಡೆಸಿದ ಆ ಅಧ್ಯಯನ 2014ರಲ್ಲಿ ಪ್ರಕಟವಾಯಿತು. ನಾಜಿ ಯಾತನಾ ಶಿಬಿರಗಳ 3,700ಕ್ಕೂ ಹೆಚ್ಚು ಕೈದಿಗಳನ್ನು ಏಳು ಕಾರ್ಮಿಕ ಶಿಬಿರಗಳಲ್ಲಿ ಆಟೋ ಯೂನಿಯನ್‌ಗಾಗಿ ದುಡಿಸಿಕೊಳ್ಳಲಾಗಿತ್ತು. ಅವರಲ್ಲದೆ ಸಾವಿರಾರು ಮಂದಿಯನ್ನು ಬಲವಂತದ ಕೆಲಸಕ್ಕೆ ಹಚ್ಚಲಾಗಿತ್ತು. ಈಗಿನ ಚೆಕ್ ಗಣರಾಜ್ಯದಲ್ಲಿರುವ ಲೈಟ್ಮೆರಿಟ್ಸ್ ಶಿಬಿರದಲ್ಲಿ ಸತ್ತ ಸುಮಾರು 4,500 ಕೈದಿಗಳ ವಿಷಯದಲ್ಲಿ ಕಂಪನಿಗೆ ನೈತಿಕ ಹೊಣೆ ಇದೆ ಎಂದು ಅಧ್ಯಯನ ಹೇಳಿತು. ಅಲ್ಲಿಯವರೆಗೆ ಕಂಪನಿಯ ಹಿರಿಯರ ಸಾಲಿನಲ್ಲಿ ಗೌರವ ಪಡೆಯುತ್ತಿದ್ದ ಯುದ್ಧಕಾಲದ ಮುಖ್ಯಸ್ಥ ರಿಚರ್ಡ್ ಬ್ರೂನ್ ಅವರ ಪಾತ್ರವೂ ಪ್ರಶ್ನೆಗೆ ಒಳಗಾಯಿತು.

ಲಾಂಛನವೆಂದರೆ ಪರಂಪರೆ ಎಂದು ಕಂಪನಿಗಳು ಹೇಳಿಕೊಳ್ಳುತ್ತವೆ. ಪರಂಪರೆ ಎಂದ ಮೇಲೆ ರೇಸ್ ಗೆದ್ದದ್ದೂ ಅದರಲ್ಲಿ ಸೇರುತ್ತದೆ, ಕೈದಿಗಳನ್ನು ದುಡಿಸಿದ್ದೂ ಸೇರುತ್ತದೆ. ತಡವಾಗಿಯಾದರೂ ಆಡಿ ತನ್ನ ದಾಖಲೆಗಳ ಕೋಣೆಯ ಬಾಗಿಲು ತೆರೆಯಿತು ಎಂಬುದನ್ನು ಒಪ್ಪಬೇಕು. ಆ ಬಾಗಿಲು ತೆರೆಯಲು ಯುದ್ಧ ಮುಗಿದು ಸುಮಾರು 70 ವರ್ಷ ಬೇಕಾಯಿತು ಎಂಬುದನ್ನೂ ಮರೆಯಬಾರದು.

ಊರು ಬಿಟ್ಟ ಗುರುತು

ಯುದ್ಧ ಮುಗಿದಾಗ ಸ್ಯಾಕ್ಸನಿ ಸೋವಿಯತ್ ವಶವಾಯಿತು. ಕಾರ್ಖಾನೆಗಳ ಯಂತ್ರಗಳನ್ನು ಬಿಚ್ಚಿ ಸಾಗಿಸಲಾಯಿತು. 1948ರಲ್ಲಿ ಆಟೋ ಯೂನಿಯನ್ ಹೆಸರನ್ನು ಕೆಮ್ನಿಟ್ಸ್‌ನ ಕಂಪನಿ ನೋಂದಣಿ ಪುಸ್ತಕದಿಂದಲೇ ಅಳಿಸಲಾಯಿತು. ಅಷ್ಟರಲ್ಲಿ ಕಂಪನಿಯ ಕೆಲವು ಅಧಿಕಾರಿಗಳು ಪಶ್ಚಿಮಕ್ಕೆ ಬಂದು, ಬವೇರಿಯಾದ ಇಂಗೋಲ್‌ಸ್ಟಾಟ್‌ನಲ್ಲಿ ಬಿಡಿಭಾಗಗಳ ಗೋದಾಮು ತೆರೆದಿದ್ದರು. ಆ ಗೋದಾಮಿನ ಬುಡದಿಂದಲೇ 1949ರ ಸೆಪ್ಟೆಂಬರ್ 3ರಂದು ಹೊಸ ಆಟೋ ಯೂನಿಯನ್ ಚಿಗುರಿತು. ಉಂಗುರಗಳೂ ಗಡಿ ದಾಟಿ ಬಂದವು. ಆದರೆ ಅವು ಕೂತದ್ದು ಐಷಾರಾಮಿ ಕಾರುಗಳ ಮೇಲಲ್ಲ, ಡಿಕೆಡಬ್ಲ್ಯೂ ಮೋಟಾರ್ ಸೈಕಲ್ ಮತ್ತು ಸರಕು ಸಾಗಿಸುವ ವ್ಯಾನ್‌ಗಳನ್ನು ಮಾರುತ್ತಿದ್ದ ಕಂಪನಿಯ ಹಣೆಯ ಮೇಲೆ.

ಇತ್ತ ಆಡಿ ಹುಟ್ಟಿದ ಝ್ವಿಕಾವ್‌ನಲ್ಲಿ ಏನಾಯಿತು? ಕಮ್ಯುನಿಸ್ಟ್ ಪೂರ್ವ ಜರ್ಮನಿಯಲ್ಲಿ 1957ರಿಂದ ಅದೇ ಊರಿನಲ್ಲಿ ತಯಾರಾದದ್ದು ಟ್ರಬಾಂಟ್ ಎಂಬ ಹೊಗೆಯುಗುಳುವ ಪುಟ್ಟ ಕಾರು. ಒಂದೇ ಬೇರಿನ ಎರಡು ಕವಲು, ನಡುವೆ ಬರ್ಲಿನ್ ಗೋಡೆ. ಆಡಿಯ ಕ್ಯೂ4 ಇ-ಟ್ರಾನ್ ಎಲೆಕ್ಟ್ರಿಕ್ ಕಾರು 2021ರಿಂದ ಝ್ವಿಕಾವ್‌ನಲ್ಲಿರುವ ಫೋಕ್ಸ್‌ವ್ಯಾಗನ್ ಕಾರ್ಖಾನೆಯಲ್ಲಿ ತಯಾರಾಗುತ್ತಿದೆ. ಹೀಗೆ ಉಂಗುರಗಳು ಹಳೆಯ ಊರಿಗೆ ಮರಳಿವೆ.

1965ರಲ್ಲಿ ಆದದ್ದು, 2024ರಲ್ಲಿ ಆದದ್ದು

ಚೀನಾದ ಇಂದಿನ ನಿರ್ಧಾರವನ್ನು ಅರ್ಥ ಮಾಡಿಕೊಳ್ಳಲು 1965ನೇ ಇಸವಿ ಮುಖ್ಯ. 1958ರಲ್ಲಿ ಡೈಮ್ಲರ್-ಬೆಂಜ್ ಕೈ ಸೇರಿದ್ದ ಆಟೋ ಯೂನಿಯನ್, 1960ರ ದಶಕದ ಮಧ್ಯದಲ್ಲಿ ಫೋಕ್ಸ್‌ವ್ಯಾಗನ್ ಪಾಲಾಯಿತು. ಎರಡು ಸ್ಟ್ರೋಕ್ ಎಂಜಿನ್‌ನ ಡಿಕೆಡಬ್ಲ್ಯೂ ಕಾರುಗಳು ಆಗಲೇ ಹಳತಾಗಿದ್ದವು, ಬೇಡಿಕೆ ಕುಸಿದಿತ್ತು. ನಾಲ್ಕು ಸ್ಟ್ರೋಕ್ ಎಂಜಿನ್‌ನ ಹೊಸ ಕಾರು ಸಿದ್ಧವಾದಾಗ, ಹೊಗೆಯ ನೆನಪು ತರುವ ಹೆಸರನ್ನು ಅದಕ್ಕೆ ಇಡುವುದು ಬೇಡ ಎನಿಸಿತು. ಕಪಾಟಿನಲ್ಲಿ ಮಡಚಿಟ್ಟಿದ್ದ 'ಆಡಿ' ಹೆಸರನ್ನು ಹೊರತೆಗೆಯಲಾಯಿತು. ಅಂದರೆ, ಅಂದು ಹೆಸರು ಬದಲಾಯಿತು, ಉಂಗುರ ಉಳಿಯಿತು. ಇಂದು ಚೀನಾದಲ್ಲಿ ಉಂಗುರ ಹೋಯಿತು, ಹೆಸರು ಉಳಿಯಿತು. ಎರಡೂ ಬಾರಿ ಕಾರಣ ಒಂದೇ. ಹೊಸ ತಂತ್ರಜ್ಞಾನದ ಕಾರನ್ನು ಹಳೆಯ ನೆನಪಿನಿಂದ ಬೇರ್ಪಡಿಸಬೇಕಿತ್ತು.

ಚೀನಾದಲ್ಲಿ ಆಡಿಗೆ ಹಳೆಯ ನೆನಪುಗಳು ಸಾಕಷ್ಟಿವೆ. 1988ರಿಂದ ಎಫ್‌ಎಡಬ್ಲ್ಯೂ ಕಂಪನಿಯ ಜೊತೆ ಚಾಂಗ್‌ಚುನ್‌ನಲ್ಲಿ ಆಡಿ 100 ತಯಾರಿ ಆರಂಭವಾಯಿತು. ಮುಂದೆ ಕಪ್ಪು ಬಣ್ಣದ ಆಡಿ ಕಾರು ಸರ್ಕಾರಿ ಅಧಿಕಾರಿಗಳ ಅಂತಸ್ತಿನ ಗುರುತಾಯಿತು. ನಮ್ಮಲ್ಲಿ ಕೆಂಪು ದೀಪದ ಬಿಳಿ ಅಂಬಾಸಿಡರ್ ಹೇಗೋ, ಅಲ್ಲಿ ಕಪ್ಪು ಆಡಿ ಹಾಗೆ. ದೊಡ್ಡ ಪರದೆ, ಧ್ವನಿ ಆಜ್ಞೆ, ಮೊಬೈಲ್‌ನಂಥ ಸಾಫ್ಟ್‌ವೇರ್ ಬಯಸುವ ಇಂದಿನ ಚೀನೀ ಯುವಕರಿಗೆ ಅಪ್ಪನ ಕಾಲದ ಸಾಹೇಬರ ಕಾರು ಆಕರ್ಷಕವಾಗಿ ಕಾಣುವುದು ಕಷ್ಟ. ಅವರು ಸ್ಥಳೀಯ ಎಲೆಕ್ಟ್ರಿಕ್ ಬ್ರ್ಯಾಂಡ್‌ಗಳತ್ತ ಹೊರಳುತ್ತಿದ್ದಾರೆ.

ಅಂಕಿ ಅಂಶಗಳು ಇದನ್ನೇ ಹೇಳುತ್ತವೆ. 2024ರಲ್ಲಿ ಆಡಿ ಜಗತ್ತಿನಾದ್ಯಂತ ಮಾರಿದ್ದು ಸುಮಾರು 16.7 ಲಕ್ಷ ಕಾರು, ಹಿಂದಿನ ವರ್ಷಕ್ಕಿಂತ ಶೇ 12ರಷ್ಟು ಕಡಿಮೆ. ಅದರಲ್ಲಿ ಚೀನಾದ ಪಾಲು ಸುಮಾರು 6.5 ಲಕ್ಷ, ಅಲ್ಲೂ ಶೇ 11ರಷ್ಟು ಕುಸಿತ. 2025ರ ಫೆಬ್ರವರಿ ಕೊನೆಗೆ ಬ್ರಸೆಲ್ಸ್ ಕಾರ್ಖಾನೆಗೆ ಬೀಗ ಬಿತ್ತು. ಮಾರ್ಚ್‌ನಲ್ಲಿ, 2029ರ ಹೊತ್ತಿಗೆ ಜರ್ಮನಿಯಲ್ಲಿ 7,500 ಹುದ್ದೆಗಳನ್ನು ಕಡಿತಗೊಳಿಸುವುದಾಗಿ ಕಂಪನಿ ಪ್ರಕಟಿಸಿತು. ಲಾಂಛನದ ಚರ್ಚೆ ನಡೆಯುತ್ತಿರುವುದು ಈ ಹಿನ್ನೆಲೆಯಲ್ಲಿ.

ಎಸ್‌ಎಐಸಿ ಜೊತೆಗಿನ ಒಪ್ಪಂದದಿಂದ ಹೊಸ ಕಾರು ಸಿದ್ಧಪಡಿಸುವ ಅವಧಿ ಶೇ 30ಕ್ಕಿಂತ ಹೆಚ್ಚು ಕಡಿಮೆಯಾಗುತ್ತದೆ ಎಂದು ಆಡಿ ಹೇಳಿದೆ. ಒಂದು ಕಾಲದಲ್ಲಿ ಜರ್ಮನ್ನರಿಂದ ಚೀನೀಯರು ಕಾರು ಮಾಡುವುದನ್ನು ಕಲಿತರು. ಈಗ ವೇಗವಾಗಿ ಕಾರು ಮಾಡುವುದನ್ನು ಜರ್ಮನ್ನರು ಚೀನೀಯರಿಂದ ಕಲಿಯುತ್ತಿದ್ದಾರೆ. ಈ ಕಾರು ಹಳೆಯ ಆಡಿಯಲ್ಲ ಎಂದು ಮೊದಲ ನೋಟದಲ್ಲೇ ಹೇಳುವುದು ಆ ನಾಲ್ಕು ಅಕ್ಷರಗಳ ಕೆಲಸ. ಎಫ್‌ಎಡಬ್ಲ್ಯೂ ಜೊತೆ ತಯಾರಾಗುವ ಕಾರುಗಳ ಮೇಲೆ ಉಂಗುರಗಳು ಮುಂದುವರಿಯುತ್ತವೆ. ಒಂದೇ ದೇಶದಲ್ಲಿ ಒಂದೇ ಹೆಸರಿಗೆ ಎರಡು ಗುರುತುಗಳು. ಗ್ರಾಹಕರಿಗೆ ಇದು ಗೊಂದಲವಾಗುವುದೋ, ಆಯ್ಕೆಯಾಗುವುದೋ ಎಂಬುದು ಮಾರಾಟದಲ್ಲಿ ಗೊತ್ತಾಗಬೇಕು.

ಬೇಡವೆಂದ ಕಡೆ ಬೇಡ, ಬೇಕೆಂದ ಕಡೆ ಬಿಡೆವು

ಚೀನಾದಲ್ಲಿ ಉಂಗುರ ಕಳಚಿದ ಅದೇ ವರ್ಷ ಯುರೋಪಿನಲ್ಲಿ ಅದೇ ಉಂಗುರಕ್ಕಾಗಿ ಆಡಿ ಕೋರ್ಟಿನಲ್ಲಿ ಹೋರಾಡಿತು. ಪೋಲೆಂಡಿನ ಬಿಡಿಭಾಗ ವ್ಯಾಪಾರಿಯೊಬ್ಬರು 1980 ಮತ್ತು 90ರ ದಶಕದ ಆಡಿ ಕಾರುಗಳಿಗೆ ಹೊಂದುವ ಮುಂಭಾಗದ ಗ್ರಿಲ್‌ಗಳನ್ನು ಮಾರುತ್ತಿದ್ದರು. ಅವುಗಳ ಮೇಲೆ ಲಾಂಛನ ಇರಲಿಲ್ಲ, ಅದನ್ನು ಕೂರಿಸಲು ಉಂಗುರದ ಆಕಾರದ ಜಾಗ ಮಾತ್ರ ಇತ್ತು. ಅದಕ್ಕೂ ಆಡಿ ತಕರಾರು ತೆಗೆಯಿತು. 2024ರ ಜನವರಿ 25ರಂದು ಯುರೋಪಿಯನ್ ಒಕ್ಕೂಟದ ನ್ಯಾಯಾಲಯ, ಟ್ರೇಡ್‌ಮಾರ್ಕ್ ಅನ್ನು ಹೋಲುವ ಅಂಥ ಜಾಗವಿರುವ ಬಿಡಿಭಾಗದ ಮಾರಾಟವನ್ನು ತಡೆಯುವ ಹಕ್ಕು ಕಂಪನಿಗೆ ಇರಬಹುದು ಎಂದು ಹೇಳಿತು. ಅಂದರೆ, ಉಂಗುರದ ಖಾಲಿ ಜಾಗಕ್ಕೂ ಬೆಲೆ ಇದೆ.

ಆ ತೀರ್ಪು ಭಾರತಕ್ಕೆ ಅನ್ವಯಿಸುವುದಿಲ್ಲ. ಆದರೆ ದೆಹಲಿಯ ಕಾಶ್ಮೀರಿ ಗೇಟ್, ಚೆನ್ನೈನ ಪುದುಪೇಟೆ, ಬೆಂಗಳೂರಿನ ಜೆ.ಸಿ. ರಸ್ತೆಯಂಥ ಬಿಡಿಭಾಗಗಳ ಮಾರುಕಟ್ಟೆಯಲ್ಲಿ ಓಡಾಡಿದವರಿಗೆ ಈ ಜಗಳದ ಮಹತ್ವ ಅರ್ಥವಾಗುತ್ತದೆ. ಹಳೆಯ ಕಾರಿನ ಮಾಲೀಕನಿಗೆ ಬೇಕಾಗಿರುವುದು ಕೈಗೆಟಕುವ ಬೆಲೆಯ ಗ್ರಿಲ್, ಕಂಪನಿಗೆ ಬೇಕಾಗಿರುವುದು ಲಾಂಛನದ ಮೇಲಿನ ಹಿಡಿತ.

ಆಡಿ ಒಂಟಿಯಲ್ಲ. ಶಾಂಘೈ ಪ್ರದರ್ಶನ ನಡೆದ ಅದೇ ನವೆಂಬರ್‌ನಲ್ಲಿ, 2008ರಿಂದ ಟಾಟಾ ಮೋಟರ್ಸ್ ಒಡೆತನದಲ್ಲಿರುವ ಬ್ರಿಟನ್‌ನ ಜಾಗ್ವಾರ್ ಕೂಡ ಹೊಸ ಅಕ್ಷರ ವಿನ್ಯಾಸ ಪ್ರಕಟಿಸಿ ತೀವ್ರ ಟೀಕೆಗೆ ಗುರಿಯಾಯಿತು. ಎಲೆಕ್ಟ್ರಿಕ್ ಯುಗಕ್ಕೆ ಕಾಲಿಡುವಾಗ ಹಳೆಯದನ್ನು ಎಷ್ಟು ಹೊರಬೇಕು, ಎಷ್ಟು ಇಳಿಸಬೇಕು ಎಂಬ ಪ್ರಶ್ನೆ ಎಲ್ಲ ಹಳೆಯ ಕಂಪನಿಗಳ ಮುಂದಿದೆ. ಜಾಗ್ವಾರ್ ಇಡೀ ಜಗತ್ತಿಗೆ ಒಂದೇ ಬಾರಿ ಬದಲಾಯಿತು, ಆಡಿ ಒಂದು ದೇಶದಲ್ಲಿ ಮಾತ್ರ ಪ್ರಯೋಗ ಮಾಡಿತು. ಸೋತರೆ ನಷ್ಟ ಸೀಮಿತ ಎಂಬ ಎಚ್ಚರಿಕೆ ಎರಡನೆಯದರಲ್ಲಿ ಕಾಣುತ್ತದೆ.

ಭಾರತದಲ್ಲಿ ಏನಾಗಬಹುದು?

ಭಾರತದಲ್ಲಿ ಉಂಗುರಗಳಿಗೆ ಸದ್ಯಕ್ಕೆ ಕುತ್ತಿಲ್ಲ. ಇಲ್ಲಿ ಆಡಿ ಸಣ್ಣ ವ್ಯಾಪಾರ, 2024ರಲ್ಲಿ ಮಾರಾಟವಾದದ್ದು ಸುಮಾರು 5,800 ಕಾರು. ಇಷ್ಟು ಸಣ್ಣ ಮಾರುಕಟ್ಟೆಗಾಗಿ ಬೇರೆ ಬ್ರ್ಯಾಂಡ್ ಕಟ್ಟುವ ಅಗತ್ಯ ಕಂಪನಿಗಿಲ್ಲ. ಇನ್ನೊಂದು ಕಾರಣವೂ ಇದೆ. ಚೀನಾದ ಯುವಕರಿಗೆ ಹಳತು ಎನಿಸುವ ಅಂತಸ್ತಿನ ಗುರುತು ಇಲ್ಲಿ ಇನ್ನೂ ಕನಸಿನ ಗುರುತಾಗಿದೆ. ಮುಂಬೈ, ಪುಣೆ, ಹೈದರಾಬಾದ್‌ನ ಸೆಕೆಂಡ್ ಹ್ಯಾಂಡ್ ಮಾರುಕಟ್ಟೆಯಲ್ಲಿ ಹಳೆಯ ಆಡಿ ಕೊಳ್ಳಲು ಬರುವವರನ್ನು ಸೆಳೆಯುವುದರಲ್ಲಿ ಎಂಜಿನ್‌ನಷ್ಟೇ ಪಾಲು ಉಂಗುರಗಳಿಗೂ ಇದೆ.

1985ರ ಆ ಆಡಿ 100 ಕೂಡ ಹಳತಾಗಿ ಮೂಲೆ ಸೇರಿತ್ತು. ರೇಮಂಡ್ ಸಮೂಹದ ಗೌತಮ್ ಸಿಂಘಾನಿಯಾ ಅದನ್ನು ದುರಸ್ತಿ ಮಾಡಿಸಿ, 2022ರಲ್ಲಿ ರವಿ ಶಾಸ್ತ್ರಿಗೆ ಮತ್ತೆ ಒಪ್ಪಿಸಿದರು. ಅದು ದೇಶದ ಆಸ್ತಿ ಎಂದು ಶಾಸ್ತ್ರಿ ಬಣ್ಣಿಸಿದರು. ಆ ಕಾರಿನ ಉಂಗುರ ನೋಡಿದಾಗ ಭಾರತೀಯರಿಗೆ ನೆನಪಾಗುವುದು ಸ್ಯಾಕ್ಸನಿಯ ಬ್ಯಾಂಕೂ ಅಲ್ಲ, ಹೋರ್ಶ್ ಜಗಳವೂ ಅಲ್ಲ, ಮೆಲ್ಬರ್ನ್‌ನ ಆ ಸಂಜೆ.

ಲಾಂಛನದ ಅರ್ಥವನ್ನು ಕಂಪನಿ ಒಂದೇ ಬರೆಯುವುದಿಲ್ಲ ಎನ್ನಲು ಇದಕ್ಕಿಂತ ಬೇರೆ ಸಾಕ್ಷಿ ಬೇಡ. ಸಾಲ ಕೊಟ್ಟ ಬ್ಯಾಂಕು, ಶಿಬಿರದಲ್ಲಿ ದುಡಿದ ಕೈದಿ, ಗಡಿ ದಾಟಿದ ನೌಕರ, ಕಪ್ಪು ಕಾರಿನಿಂದಿಳಿದ ಚೀನೀ ಅಧಿಕಾರಿ, ಮೈದಾನ ಸುತ್ತಿದ ಕ್ರಿಕೆಟಿಗ, ಎಲ್ಲರೂ ಆ ಉಂಗುರಗಳಿಗೆ ತಮ್ಮ ಪಾಲಿನ ಅರ್ಥ ಸೇರಿಸಿದ್ದಾರೆ. ಮಾರುಕಟ್ಟೆ ಕೇಳಿದರೆ ಕಂಪನಿ ಉಂಗುರಗಳನ್ನು ಕಾರಿನಿಂದ ಕಳಚಬಹುದು. ಅವುಗಳ ಜೊತೆ ಬಂದ ಲೆಕ್ಕ, ಒಳ್ಳೆಯದೂ ಕೆಟ್ಟದ್ದೂ, ಹೆಸರಿನ ಬೆನ್ನಿಗೇ ಉಳಿಯುತ್ತದೆ.